ಫೋನಿನ ಫೋಟೊ ನೋಡಿ ಮೂರ್ತಿ ಮಾಡುವವರು ಸ್ವಲ್ಪ ಇಲ್ಲಿ ಕೇಳಿ

ಮೂರು ವಾರದ ಕೆಲಸವನ್ನು ಹೋದ ತಿಂಗಳು ನನ್ನ ಕೈಯಾರೆ ಒಡೆದು ಮಣ್ಣಿನ ಬಕೆಟ್ಟಿಗೆ ಹಾಕಿದೆ. ಮಣ್ಣಿನ ತಪ್ಪಿರಲಿಲ್ಲ. ನಾನು ನಂಬಿದ್ದ ನಾಲ್ಕು ಫೋಟೊಗಳೇ ಕೈಕೊಟ್ಟವು.

ಕೋಲು ಊರಿ ನಿಂತ ಕುರಿಗಾಹಿಯ ಮೂರ್ತಿ, ಎರಡಡಿ ಎತ್ತರ. ಮೂರು ವಾರ ದಿನಾ ಬಂದು ನಿಲ್ಲುವಷ್ಟು ಪುರುಸೊತ್ತು ಯಾರಿಗಿದೆ? ಮಾವನ ಮಗನನ್ನು ನಮ್ಮನೆ ಹಾಲ್‌ನಲ್ಲಿ ನಿಲ್ಲಿಸಿ ಮುಂದೆ, ಹಿಂದೆ, ಎಡ, ಬಲ ಅಂತ ಫೋಟೊ ತೆಗೆದೆ. ಐದೇ ನಿಮಿಷದ ಕೆಲಸ.

ಹಾಲ್ ಚಿಕ್ಕದು. ಒಂದೂವರೆ ಮೀಟರ್ ದೂರದಲ್ಲಿ ನಿಂತು, ಫೋನನ್ನು ಮುಖದ ಎತ್ತರಕ್ಕೆ ಹಿಡಿದು, ಪಾದವೂ ಬರಲಿ ಅಂತ ಕೆಳಕ್ಕೆ ವಾಲಿಸಿದ್ದೆ. ಎಡವಟ್ಟಾಗಿದ್ದು ಅಲ್ಲೇ. ಫೋನಿನ ಮುಖ್ಯ ಕ್ಯಾಮೆರಾ ಸಾಮಾನ್ಯವಾಗಿ 24ರಿಂದ 26 ಎಂ.ಎಂ. ಲೆನ್ಸಿಗೆ, ಅಂದರೆ ಅಗಲ ನೋಟದ ಲೆನ್ಸಿಗೆ ಸಮ. ಹತ್ತಿರ ನಿಂತರೂ ಇಡೀ ಆಳು ಹಿಡಿಸುತ್ತಾನೆ, ಆದರೆ ಹತ್ತಿರದ್ದು ದೊಡ್ಡದಾಗಿ, ದೂರದ್ದು ಸಣ್ಣದಾಗಿ ಬರುತ್ತದೆ. ಶ್ರವಣಬೆಳಗೊಳದಲ್ಲಿ 58 ಅಡಿಯ ಗೊಮ್ಮಟನ ಕಾಲ ಬುಡದಿಂದ ಫೋಟೊ ತೆಗೆದರೆ ಪಾದ ದೊಡ್ಡದು, ತಲೆ ಚಿಕ್ಕದು ಕಾಣುತ್ತದೆ ಅಲ್ವಾ? ಇಲ್ಲಿ ಅದರ ಉಲ್ಟಾ. ತಲೆ ದಪ್ಪ, ಕಾಲು ಗಿಡ್ಡ. ಫೋಟೊದಲ್ಲಿ ಅದು ಕಣ್ಣಿಗೆ ಹೊಡೆಯಲೇ ಇಲ್ಲ, ಮಣ್ಣಿನಲ್ಲಿ ಹೊಡೆಯಿತು.

ಫೋಟೊ ಅಳೆದರೆ ಮೈಯೆತ್ತರ ಆರೂವರೆ ತಲೆ, ಅಂದರೆ ತಲೆಯ ಉದ್ದದ ಆರೂವರೆ ಪಟ್ಟು. ಆಮೇಲೆ ಟೇಪ್ ಹಿಡಿದು ಅವನನ್ನೇ ಅಳೆದೆ. ತಲೆ 23 ಸೆಂ.ಮೀ., ಎತ್ತರ 172. ಹತ್ತಿರ ಹತ್ತಿರ ಏಳೂವರೆ ತಲೆ! 60 ಸೆಂ.ಮೀ. ಮೂರ್ತಿಯಲ್ಲಿ 8 ಸೆಂ.ಮೀ. ಇರಬೇಕಾದ ತಲೆ 9 ದಾಟಿತ್ತು.

ತಲೆಯನ್ನಾದರೂ ಕೆರೆದು ಇಳಿಸಬಹುದಿತ್ತು. ಸೊಂಟ ಮಾತ್ರ ಕೈಗೆ ಸಿಗಲಿಲ್ಲ. ಪ್ರತಿ ಫೋಟೊಗೂ "ತಿರುಗು" ಅಂದಿದ್ದೆ, ತಿರುಗಿದಾಗಲೆಲ್ಲ ಅವನು ಕಾಲು ಬದಲಿಸಿದ್ದ. ಮುಂದಿನಿಂದ ತೆಗೆದ ಫೋಟೊದಲ್ಲಿ ಭಾರ ಬಲಗಾಲಿನ ಮೇಲೆ, ಬಲ ಸೊಂಟ ಎದ್ದಿದೆ. ಹಿಂದಿನಿಂದ ತೆಗೆದದ್ದರಲ್ಲಿ ಎರಡೂ ಸಮ. ಅಂದರೆ ನನ್ನ ಕೈಯಲ್ಲಿದ್ದದ್ದು ಒಂದು ಭಂಗಿಯಲ್ಲ, ನಾಲ್ಕು. ಅವನ್ನು ಹೊಂದಿಸಲು, ಮಣ್ಣಿಗೆ ಆಧಾರವಾಗಿ ಒಳಗಿಟ್ಟ ಕಂಬಿ ಬಾಗಿಸಿದೆ. ತೊಡೆಯಿಂದ ಬೆನ್ನಿನವರೆಗೆ ಬಿರುಕು ಬಿಟ್ಟಿತು. ಹೇಳಿದ ದಿನಕ್ಕೆ ಕೊಡಲಾಗದೆ ಅಡ್ವಾನ್ಸ್ ವಾಪಸ್ ಕೊಟ್ಟೆ.

1880ರ ದಶಕದಲ್ಲೇ ಛಾಯಾಗ್ರಾಹಕ ಮೈಬ್ರಿಜ್ ಅಮೆರಿಕದ ಫಿಲಡೆಲ್ಫಿಯಾದಲ್ಲಿ ಹಲವು ಕ್ಯಾಮೆರಾ ಇಟ್ಟು ಒಂದೇ ಕ್ಷಣವನ್ನು ಬೇರೆ ಬೇರೆ ಕಡೆಯಿಂದ ಹಿಡಿದಿದ್ದರು. ನಮಗೆ ಅಷ್ಟು ಕ್ಯಾಮೆರಾ ಬೇಡ, ಆದರೆ ಆಳು ಅಲ್ಲಾಡಬಾರದು, ನಾವೇ ಸುತ್ತಬೇಕು. ಈಗ ನಾನು ಟೆರೇಸಿನಲ್ಲಿ 4 ಮೀಟರ್ ಹಗ್ಗದಿಂದ ವೃತ್ತ ಹಾಕಿ ಎಂಟು ಕಡೆ ಸೀಮೆಸುಣ್ಣದ ಗುರುತು ಮಾಡುತ್ತೇನೆ. ಸ್ಟ್ಯಾಂಡಿನ ಮೇಲೆ ಫೋನು ಸೊಂಟದ ಎತ್ತರಕ್ಕೆ, ನೆಟ್ಟಗೆ, 2x ಝೂಮಿನಲ್ಲಿ. ಪಾದದ ಸುತ್ತಲೂ ಗೆರೆ ಎಳೆದುಬಿಡಿ. ಸುಸ್ತಾದರೆ ಕೂತು ಎದ್ದು ಮತ್ತೆ ಅದೇ ಗೆರೆಯೊಳಗೆ ನಿಲ್ಲಲಿ. ಟೇಪಿನ ಅಳತೆ ಚೀಟಿಯಲ್ಲಿ ಇರಲೇಬೇಕು. ಅಂತರ್ಜಾಲದಲ್ಲಿ ಸಿಗುವ ಒಂದೇ ಕೋನದ ಫೋಟೊ ಚಿತ್ರದ ಅಭ್ಯಾಸಕ್ಕೆ ಸಾಕು, ಮೂರ್ತಿಗೆ ಸಾಲದು. ಬೆನ್ನಿನ ಕಡೆ ಏನಿದೆ ಅಂತ ಅದು ಹೇಳುವುದೇ ಇಲ್ಲ.

ಹೋದ ಭಾನುವಾರ ಅವನು ಮತ್ತೆ ಬಂದು ನಿಂತ. ಗಾರೆ ಕೆಲಸದವರ ತೂಕದ ಗುಂಡನ್ನು ಅವನ ಕತ್ತಿನ ಗುಳಿಯ ನೇರಕ್ಕೆ ಇಳಿಬಿಟ್ಟೆ. ಬಲ ಹಿಮ್ಮಡಿಯ ಪಕ್ಕ ನಿಂತಿತು, ಅಂದರೆ ಭಾರ ಬಲಗಾಲಿನ ಮೇಲಿದೆ. ಗುಂಡಿನ ದಾರ ತೋರಿಸಿದ ಆ ನೇರ ಗೆರೆಯನ್ನೇ ಮೊದಲು ಹಲಗೆಯ ಮೇಲೆ ಎಳೆದು, ಆಮೇಲೆ ಕಂಬಿ ಕಟ್ಟಿದ್ದೇನೆ.