ಸಕಲೇಶಪುರದ ಹತ್ರ ಕಲ್ಲುಮನೆ ಹೋಮ್‌ಸ್ಟೇ: ಬುಕ್ ಮಾಡುವಾಗ ಹಳೇ ರೂಮೇ ಕೇಳಿ

ಪೂಲು, ಡಿಜೆ, ಕ್ಯಾಂಪ್‌ಫೈರ್ ಬೇಕು ಅನ್ನೋರಿಗೆ ಈ ಜಾಗ ಅಲ್ಲ. ಕಾಫಿ ತೋಟದ ಮಧ್ಯ ಇರೋ ಹಳೇ ಕಲ್ಲುಮನೆ, ಕಟ್ಟಿದ ಕುಟುಂಬದವರೇ ಈಗ್ಲೂ ಅಲ್ಲಿರೋದು, ಮುಂದಿನ ಮೂರು ರೂಮು ಮಾತ್ರ ಗೆಸ್ಟಿಗೆ ಕೊಡ್ತಾರೆ. ಊಟ ಚೆನ್ನಾಗಿದೆ, ಆದ್ರೆ ನನಗೆ ಎಲ್ಲದಕ್ಕಿಂತ ಹಿಡಿಸಿದ್ದು ಮನೇನೇ.

ಜಗಲಿ ಹತ್ರ ಗೋಡೆ ಮೂಲೆ ನೋಡಿ, ಕಲ್ಲಿನ ಅಂಚಲ್ಲಿ ಸಾಲಾಗಿ ಅರ್ಧರ್ಧ ತೂತು ಕಾಣುತ್ತೆ. ಚಾಣದಲ್ಲಿ (ಕಲ್ಲು ಕೆತ್ತೋ ಉಳಿ) ತೂತು ಹೊಡೆದು, ಕಬ್ಬಿಣದ ಬೆಣೆ ಇಟ್ಟು, ಒಂದಾದ ಮೇಲೆ ಒಂದು ಸುತ್ತಿಗೆಲಿ ಬಡಿತಾ ಹೋದ್ರೆ ಬಂಡೆ ಅದೇ ಗೆರೆ ಮೇಲೆ ಸೀಳುತ್ತೆ, ಅದರ ಗುರುತು ಅದು. ಬೇಲೂರು ಹಳೇಬೀಡಿನ ಬಳಪದ ಕಲ್ಲು ಮೆತ್ತಗಿರೋದ್ರಿಂದ ಅದ್ರಲ್ಲಿ ಬಳೆ, ಜುಮುಕಿ ಎಲ್ಲಾ ಕೆತ್ತಿದ್ರು, ಇದು ಗಟ್ಟಿ ಕಲ್ಲು, ಚೌಕ ಮಾಡೋದೇ ದೊಡ್ಡ ಕೆಲಸ, ಅದಕ್ಕೇ ಮೂಲೆಗೂ ಬಾಗಿಲಿಗೂ ಮಾತ್ರ ಕೆತ್ತಿದ ಕಲ್ಲು, ಉಳಿದಿದ್ದೆಲ್ಲಾ ಸಿಕ್ಕ ಆಕಾರದ ಕಾಡುಕಲ್ಲು. ಗೋಡೆ ಎರಡಡಿ ದಪ್ಪ ಇದೆ. ಒಳಗೊಂದು ಹೊರಗೊಂದು ಸಾಲು ಕಲ್ಲು, ಮಧ್ಯ ಚಕ್ಕೆ ಕಲ್ಲು ಮಣ್ಣು ತುಂಬಿ, ಎರಡೂ ಸಾಲು ಬಿಟ್ಕೊಳ್ಳದ ಹಾಗೆ ಅಲ್ಲಲ್ಲಿ ಉದ್ದ ಕಲ್ಲು ಅಡ್ಡ ಹಾಯಿಸಿದ್ದಾರೆ. ಯಜಮಾನ್ರು ಟಾರ್ಚ್ ಹಿಡ್ಕೊಂಡು ಒಂದೊಂದೂ ತೋರಿಸಿದ್ರು, ಅಷ್ಟು ತಾಳ್ಮೆ ಯಾರಿಗಿರುತ್ತೆ ಹೇಳಿ.

ಇನ್ನೊಂದು ಖುಷಿ ಅಂದ್ರೆ ಸುಳ್ಳು ಇಸವಿ ಹೇಳಲ್ಲ. ಮಂಗಳೂರು ಹೆಂಚಿನ ಮೇಲೆ 1865 ಅಂತ ಅಚ್ಚು ನೋಡಿ ಮನೇನೇ 1865ರದ್ದು ಅನ್ನೋರಿದ್ದಾರೆ, ಅದು ಬಾಸೆಲ್ ಮಿಶನ್ ಅನ್ನೋ ಕ್ರೈಸ್ತ ಮಿಶನರಿ ಸಂಸ್ಥೆಯವರು ಮಂಗಳೂರಲ್ಲಿ ಹೆಂಚಿನ ಫ್ಯಾಕ್ಟರಿ ಶುರು ಮಾಡಿದ ವರ್ಷ, ಆಮೇಲೆ ಎಷ್ಟೋ ವರ್ಷ ಅದೇ ಅಚ್ಚು ಹಾಕ್ತಿದ್ರು. ಇಲ್ಲಿ ಕೇಳಿದ್ರೆ "ನಮ್ಮ ಮುತ್ತಜ್ಜನ ಕಾಲದ್ದು ಸಾರ್, ಕಾಗದ ಇಲ್ಲ" ಅಂತಾರೆ ಅಷ್ಟೇ. ಮೊದ್ಲು ಹುಲ್ಲು ಹೊದಿಸಿದ್ರಂತೆ, ಹೆಂಚು ಹಾಕುವಾಗ ಕಲ್ಲುಗೋಡೆ ಮೇಲೆ ಇಟ್ಟಿಗೆ ಏರಿಸಿರೋದು ಅಟ್ಟ ಹತ್ತಿದ್ರೆ ಈಗ್ಲೂ ಕಾಣುತ್ತೆ. ಹಾಸನ ಮಂಗಳೂರು ರೈಲು ಬಂದಿದ್ದೇ 1979ಕ್ಕೆ, ಹಾಗಾಗಿ ಆ ಹೆಂಚೆಲ್ಲಾ ಘಾಟಿ ರಸ್ತೆ ಹತ್ತಿಯೇ ಬಂದಿರಬೇಕು.

ಈಗ ಬೇಜಾರಿನ ವಿಷ್ಯ. ಮೂರನೇ ರೂಮಿಗೆ ನೀಟಾಗಿ ಕಾಣ್ಲಿ ಅಂತ ಒಳಗಡೆ ಸಿಮೆಂಟ್ ಪ್ಲಾಸ್ಟರ್ ಮಾಡಿಸಿ ಪೇಂಟ್ ಹೊಡೆಸಿದ್ದಾರೆ. ಮಣ್ಣಲ್ಲಿ ಕಟ್ಟಿದ ಗೋಡೆ ಮಳೆಗಾಲದಲ್ಲಿ ನೀರು ಕುಡಿದು ಆಮೇಲೆ ಬಿಡಬೇಕು, ಸಿಮೆಂಟ್ ಬಳಿದ್ರೆ ಆ ತೇವ ಹೋಗೋಕೆ ದಾರಿ ಇಲ್ಲ, ಪೇಂಟ್ ಉಬ್ಬಿ ಉದುರ್ತಿದೆ, ಹಾಸಿಗೆ ಎಲ್ಲಾ ಬೂಷ್ಟಿನ ವಾಸ್ನೆ. ಪಕ್ಕದ ಎರಡು ರೂಮಿಗೆ ಬರೀ ಸುಣ್ಣ, ಅಲ್ಲಿ ಈ ತೊಂದ್ರೆ ಇಲ್ಲ. ಯಜಮಾನ್ರಿಗೂ ಹೇಳಿದೆ, ದಯವಿಟ್ಟು ಆ ಸಿಮೆಂಟ್ ಕೆರೆಸಿ ಸುಣ್ಣದ ಗಾರೆ ಮಾಡಿಸಿ ಅಂತ, ಇಂಥ ಮನೆ ಮತ್ತೆ ಯಾರೂ ಕಟ್ಟಲ್ಲ.

ಊಟಕ್ಕೆ ಅಕ್ಕಿ ರೊಟ್ಟಿ, ಕಡುಬು, ಕೋಳಿ ಸಾರು, ಮಳೆಗಾಲ ಆದ್ರೆ ಕಳಲೆ ಪಲ್ಯ, ಅಮ್ಮ ಬಡಿಸ್ತಾನೇ ಇರ್ತಾರೆ. ಸ್ನಾನಕ್ಕೆ ಹಂಡೆ ನೀರು. ಕಿಟಕಿ ಚಿಕ್ಕದು, ಹಗಲಲ್ಲೂ ಲೈಟ್ ಬೇಕು, ನೆಟ್‌ವರ್ಕ್ ಮರ್ತುಬಿಡಿ. ಟಾಯ್ಲೆಟ್ ಹೊರಗಿದೆ, ವಯಸ್ಸಾದೋರಿದ್ರೆ ಮೊದ್ಲೇ ಯೋಚ್ನೆ ಮಾಡಿ. ಬೆಳಿಗ್ಗೆ ಮಂಜರಾಬಾದ್ ಕೋಟೆಗೆ ಹೋಗಿ ಬನ್ನಿ, 1792ರಲ್ಲಿ ಟಿಪ್ಪು ಕಟ್ಟಿಸಿದ ನಕ್ಷತ್ರದ ಆಕಾರದ ಕೋಟೆ, ಮನೆ ಗೋಡೆ ನೋಡಿದ ಮೇಲೆ ಅಲ್ಲಿನ ಕಲ್ಲು ಕೆಲಸ ನೋಡೋ ಕಣ್ಣೇ ಬೇರೆ ಆಗುತ್ತೆ. ಕೊನೇ ಒಂದು ಕಿಲೋಮೀಟರ್ ಮಣ್ಣಿನ ರಸ್ತೆ, ಚಿಕ್ಕ ಕಾರಾದ್ರೆ ಮೇನ್ ರೋಡಲ್ಲೇ ನಿಲ್ಲಿಸಿ ಫೋನ್ ಮಾಡಿ, ಜೀಪ್ ಕಳಿಸ್ತಾರೆ.