ಕರ್ನಾಟಕದಲ್ಲಿ ಕೂತು ಆನ್‌ಲೈನ್‌ನಲ್ಲಿ ‘ಕೇರಳ ಲಾಟರಿ’ ಕೊಳ್ಳುವ ಮುಂಚೆ ಇದನ್ನು ಓದಿ

ವಾಟ್ಸಾಪ್‌ನಲ್ಲಿ ಕೇರಳ ಲಾಟರಿ ಟಿಕೆಟ್ ಮಾರುತ್ತೇವೆ ಎಂದು ಯಾರೇ ಬಂದರೂ ಅವರಿಗೆ ಒಂದು ರೂಪಾಯಿಯನ್ನೂ ಕಳಿಸಬೇಡಿ. ಟಿಕೆಟ್ ಫೋಟೋ ಎಷ್ಟೇ ಚೆನ್ನಾಗಿರಲಿ, ಅದರ ಮೇಲೆ ಸರ್ಕಾರದ ಮುದ್ರೆ ಇರಲಿ, ಕಳಿಸಬೇಡಿ. ನಮ್ಮ ಚಿಕ್ಕಪ್ಪ ಹೀಗೆ ಒಂದೂವರೆ ಲಕ್ಷಕ್ಕೂ ಜಾಸ್ತಿ ಕಳೆದುಕೊಂಡರು. ಅವರನ್ನು ಕೇಳಿಯೇ ಇದನ್ನು ಬರೆಯುತ್ತಿದ್ದೇನೆ. “ಬರಿಯಮ್ಮ, ಹೆಸರೊಂದು ಹಾಕಬೇಡ. ಇನ್ನೊಬ್ಬರಾದರೂ ಉಳಿಯಲಿ” ಅಂದರು.

ಚಿಕ್ಕಪ್ಪ ದಡ್ಡರಲ್ಲ. ಜೀವನವಿಡೀ ಲೆಕ್ಕ ಬರೆದವರು, ಈಗ ಪೆನ್ಶನ್ ಮೇಲೆ ಇದ್ದಾರೆ. ಅಂಗಡಿಯವನು ಚಿಲ್ಲರೆ ಕಡಿಮೆ ಕೊಟ್ಟರೆ ವಾಪಸ್ ಹೋಗಿ ಕೇಳುವವರು. ಅಂಥವರೇ ಬಿದ್ದರು ಅಂದರೆ ಕಾರಣ ಬರೀ ಆಸೆ ಅಲ್ಲ. ಈ ದೇಶದಲ್ಲಿ ಲಾಟರಿ ಎಲ್ಲಿ ಇದೆ, ಎಲ್ಲಿ ಇಲ್ಲ, ಇರುವ ಕಡೆ ಹೇಗೆ ಮಾರುತ್ತಾರೆ ಅನ್ನುವುದು ಬಹಳ ಜನರಿಗೆ ಸರಿಯಾಗಿ ಗೊತ್ತಿಲ್ಲ. ಆ ಗೊಂದಲವೇ ಈ ಕಳ್ಳರ ಬಂಡವಾಳ. ಚಿಕ್ಕಪ್ಪನಿಗೆ ಹೇಳಿದ ಒಂದೊಂದು ಸುಳ್ಳೂ ಅದರ ಮೇಲೆಯೇ ನಿಂತಿತ್ತು.

ಶುರುವಾಗಿದ್ದು 2024ರ ಅಕ್ಟೋಬರ್‌ನಲ್ಲಿ. ಕೇರಳದ ಓಣಂ ಹಬ್ಬದ ದೊಡ್ಡ ಲಾಟರಿಯಾದ ತಿರುವೋಣಂ ಬಂಪರ್‌ನ 25 ಕೋಟಿ ರೂಪಾಯಿ ಮಂಡ್ಯ ಜಿಲ್ಲೆಯವರೊಬ್ಬರಿಗೆ ಹೊಡೆಯಿತು. ಸುದ್ದಿ ನಿಜವೇ. ಟಿವಿ, ಪೇಪರ್ ಎಲ್ಲ ಕಡೆ ಬಂತು. ಕರ್ನಾಟಕದವರಿಗೂ ಬಹುಮಾನ ಬರುತ್ತದೆ, ಕೊಡುತ್ತಾರೆ ಅನ್ನುವುದು ಮನೆಮನೆಗೆ ಗೊತ್ತಾಯಿತು. ಗೊತ್ತಾಗದೆ ಹೋಗಿದ್ದು ಒಂದು ಸಣ್ಣ ವಿವರ. ಆ ಟಿಕೆಟ್ ಕೊಂಡಿದ್ದು ವಯನಾಡಿನ ಸುಲ್ತಾನ್ ಬತ್ತೇರಿಯಲ್ಲಿ, ಅಂದರೆ ಕೇರಳದ ನೆಲದಲ್ಲಿ, ಕಾಗದದ ಟಿಕೆಟ್. ಮೊಬೈಲ್‌ನಲ್ಲಿ ಅಲ್ಲ.

ಅದಾದ ಮೇಲೆ ಚಿಕ್ಕಪ್ಪನ ಫೇಸ್‌ಬುಕ್‌ನಲ್ಲಿ ಜಾಹೀರಾತು ಬರತೊಡಗಿತು. ಕನ್ನಡದಲ್ಲೇ. “ಕರ್ನಾಟಕದವರಿಗೂ ಕೇರಳ ಲಾಟರಿ, ಮನೆಯಲ್ಲೇ ಕೂತು ಕೊಳ್ಳಿ.” ಒತ್ತಿದರೆ ವಾಟ್ಸಾಪ್‌ಗೆ ಹೋಗುತ್ತದೆ. ಆ ಕಡೆಯವನು ಮಲಯಾಳಂ ಬೆರೆಸಿದ ಕನ್ನಡದಲ್ಲಿ, ಬಹಳ ಮರ್ಯಾದೆಯಿಂದ ಮಾತಾಡಿದ. ಬಂಪರ್ ಟಿಕೆಟ್‌ಗಳ ಕಂತೆಯ ಫೋಟೋ ಕಳಿಸಿ, “ಯಾವ ನಂಬರ್ ಬೇಕೋ ಆರಿಸಿಕೊಳ್ಳಿ ಸಾರ್” ಅಂದ. ಟಿಕೆಟ್ ಬೆಲೆ, ಮೇಲೆ ಐವತ್ತು ರೂಪಾಯಿ ಸರ್ವಿಸ್ ಚಾರ್ಜ್. ಟಿಕೆಟ್ ಹಿಂದೆ ಚಿಕ್ಕಪ್ಪನ ಹೆಸರು ಪೆನ್ನಿನಲ್ಲಿ ಬರೆದು ಅದರ ಫೋಟೋ ಬಂತು. ಆ ಹೆಸರು ನೋಡಿ ಚಿಕ್ಕಪ್ಪನಿಗೆ ನಂಬಿಕೆ ಕೂತಿತು.

ಇಲ್ಲಿ ಸ್ವಲ್ಪ ನಿಲ್ಲಬೇಕು. ಕೇರಳ ಸರ್ಕಾರ ಆನ್‌ಲೈನ್‌ನಲ್ಲಿ ಟಿಕೆಟ್ ಮಾರುವುದೇ ಇಲ್ಲ. ಆ್ಯಪ್‌ನಲ್ಲೂ ಇಲ್ಲ, ವಾಟ್ಸಾಪ್‌ನಲ್ಲೂ ಇಲ್ಲ. 1967ರಲ್ಲಿ ಅಲ್ಲಿ ಲಾಟರಿಗೆಂದೇ ಸರ್ಕಾರಿ ಇಲಾಖೆ ಶುರುವಾಯಿತು. ಮೊದಲ ಡ್ರಾ ನಡೆದಿದ್ದು 1968ರ ಜನವರಿ 26ರಂದು. ಆಗ ಟಿಕೆಟ್‌ಗೆ 1 ರೂಪಾಯಿ, ಮೊದಲ ಬಹುಮಾನ 50,000. ಅಂದಿನಿಂದ ಇವತ್ತಿನವರೆಗೂ ಅದು ಕಾಗದದ ಲಾಟರಿ. ಏಜೆಂಟರು ಅಂಗಡಿಯಲ್ಲಿ ಮಾರುತ್ತಾರೆ, ಎಷ್ಟೋ ಜನ ಬೀದಿಯಲ್ಲಿ ನಡೆದು ಮಾರುತ್ತಾರೆ. ಅವರಲ್ಲಿ ವಯಸ್ಸಾದವರು, ಅಂಗವಿಕಲರು ಜಾಸ್ತಿ. ಬಹುಮಾನ ಬೇಕಾದರೆ ಅಸಲಿ ಟಿಕೆಟ್ ಕೈಯಲ್ಲಿರಬೇಕು. ಫೋಟೋ ಇಟ್ಟುಕೊಂಡು ಏನೂ ಆಗುವುದಿಲ್ಲ. ಒಂದು ವೇಳೆ ಆ ಫೋಟೋದ ಟಿಕೆಟ್ ನಿಜವೇ ಆಗಿದ್ದರೂ ಅದು ಬೇರೆಯವನ ಜೇಬಿನಲ್ಲಿದೆ. ನಿಜವಾಗಿ ದೊಡ್ಡ ಬಹುಮಾನ ಬಂದರೆ ಅವನೇಕೆ ನಿಮಗೆ ಫೋನ್ ಮಾಡುತ್ತಾನೆ?

ಆದರೆ ಫೋನ್ ಬಂತು. ಡ್ರಾ ಆದ ಸಂಜೆ. “ಸಾರ್, ನಿಮ್ಮ ನಂಬರ್‌ಗೆ ಐದು ಲಕ್ಷ.” ಜೊತೆಗೆ ಫಲಿತಾಂಶದ ಪಟ್ಟಿ ಬಂತು. ಅದರಲ್ಲಿ ಚಿಕ್ಕಪ್ಪನ ನಂಬರ್ ಇತ್ತು. ಆಮೇಲೆ ನಾನು ಇಲಾಖೆಯ ನಿಜವಾದ ಪಟ್ಟಿ ತೆಗೆದು ಪಕ್ಕಪಕ್ಕ ಇಟ್ಟು ನೋಡಿದೆ. ಎಲ್ಲ ಒಂದೇ ಥರ, ಒಂದು ಸಾಲು ಮಾತ್ರ ಬೇರೆ. ಆ ಸಾಲಿನ ಅಕ್ಷರ ಬೇರೆಯವುಗಳಿಗಿಂತ ಕೂದಲೆಳೆಯಷ್ಟು ಹೆಚ್ಚು ದಪ್ಪ ಇತ್ತು. ಆದರೆ ಸಂತೋಷದಲ್ಲಿ ಇರುವವರಿಗೆ ಅದು ಕಾಣುವುದಿಲ್ಲ.

ಮೊದಲು ಕೇಳಿದ್ದು 12,500. “ಫೈಲ್ ರಿಜಿಸ್ಟ್ರೇಷನ್” ಅಂತ. ಆಮೇಲೆ 45,000, ಬಹುಮಾನದ ಮೇಲಿನ ತೆರಿಗೆ ಮತ್ತು ಜಿಎಸ್‌ಟಿ ಅಂತ. ಬೆರಳ ತುದಿಯಲ್ಲಿ ಲೆಕ್ಕ ಇಟ್ಟುಕೊಂಡಿದ್ದ ಚಿಕ್ಕಪ್ಪನಿಗೆ ಇದು ಸರಿ ಎಂದೇ ಕಂಡಿತು. ಲಾಟರಿಗೆ ತೆರಿಗೆ ಇದೆ ಅಂತ ಅವರಿಗೂ ಗೊತ್ತಿತ್ತಲ್ಲ. ಆದರೆ ಆ ತೆರಿಗೆ ಹೇಗೆ ಕಟ್ಟಬೇಕು ಎನ್ನುವುದನ್ನು ಕಳ್ಳರು ತಲೆಕೆಳಗು ಮಾಡಿದ್ದರು. ಬಹುಮಾನ 10,000 ರೂಪಾಯಿ ದಾಟಿದರೆ ಶೇ. 30ರಷ್ಟು ಆದಾಯ ತೆರಿಗೆ ಮುರಿಯುತ್ತಾರೆ, ನಿಜ. ಆದರೆ ಅದನ್ನು ಬಹುಮಾನ ಕೊಡುವವರೇ ಮುರಿದುಕೊಂಡು, ಉಳಿದದ್ದನ್ನು ನಿಮ್ಮ ಖಾತೆಗೆ ಹಾಕುತ್ತಾರೆ. ಗೆದ್ದವರು ಮೊದಲು ಜೇಬಿನಿಂದ ಕಟ್ಟುವ ಪದ್ಧತಿಯೇ ಇಲ್ಲ. ಕೇರಳದಲ್ಲಿ ಏಜೆಂಟರ ಕಮಿಷನ್ ಕೂಡ ಹೀಗೇ ಬಹುಮಾನದ ಮೊತ್ತದಲ್ಲೇ ಮುರಿದುಹೋಗುತ್ತದೆ. ಜಿಎಸ್‌ಟಿ ಅಂತೂ ಬಹುಮಾನಕ್ಕೆ ಸಂಬಂಧವೇ ಇಲ್ಲ, ಅದು ಟಿಕೆಟ್ ಬೆಲೆಯೊಳಗೇ ಸೇರಿರುತ್ತದೆ. 2020ರ ಮಾರ್ಚ್‌ನಿಂದ ದೇಶದಾದ್ಯಂತ ಶೇ. 28 ಇತ್ತು, 2025ರ ಸೆಪ್ಟೆಂಬರ್ 22ರಿಂದ ಶೇ. 40 ಆಗಿದೆ. ಟಿಕೆಟ್ ಕೊಂಡಾಗಲೇ ಅದನ್ನು ಕಟ್ಟಿ ಆಗಿರುತ್ತದೆ.

ಮೂರನೇ ಸಲ ಕೇಳಿದ್ದು 60,000. ನನಗೆ ಅತಿ ಹೆಚ್ಚು ಸಿಟ್ಟು ಬಂದಿದ್ದು ಇದರ ಮೇಲೆ. “ಸಾರ್, ನಿಮ್ಮ ಕರ್ನಾಟಕದಲ್ಲಿ ಲಾಟರಿ ನಿಷೇಧ ಇದೆ. ಹೊರರಾಜ್ಯದವರಿಗೆ ದುಡ್ಡು ಬಿಡುಗಡೆ ಆಗಬೇಕಾದರೆ ಎನ್‌ಒಸಿ ಬೇಕು. ಎರಡೂ ಸರ್ಕಾರಕ್ಕೆ ಡೆಪಾಸಿಟ್ ಇಡಬೇಕು, ಆಮೇಲೆ ವಾಪಸ್ ಬರುತ್ತೆ.” ಕೇಳಲು ಎಷ್ಟು ಸರಿಯಾಗಿದೆ ನೋಡಿ! ಅರ್ಧ ನಿಜ ಇದೆ. ಉಳಿದ ಅರ್ಧ ಸುಳ್ಳನ್ನು ಆ ನಿಜದ ಬೆನ್ನ ಮೇಲೆ ಕೂರಿಸಿದ್ದಾರೆ.

ನಿಜ ಏನು ಅಂದರೆ, ಲಾಟರಿ ನಡೆಸುವ ಅಧಿಕಾರ ಇರುವುದು ಸರ್ಕಾರಗಳಿಗೆ ಮಾತ್ರ. 1998ರ ಲಾಟರಿ ನಿಯಂತ್ರಣ ಕಾಯ್ದೆ ಕೇಂದ್ರದ ಕಾನೂನು. ಟಿಕೆಟ್ ಮೇಲೆ ರಾಜ್ಯದ ಮುದ್ರೆ ಇರಬೇಕು, ಡ್ರಾ ಅದೇ ರಾಜ್ಯದೊಳಗೆ ಸರ್ಕಾರವೇ ಮಾಡಬೇಕು, ಒಂದಂಕಿ ಲಾಟರಿ ನಡೆಸುವ ಹಾಗಿಲ್ಲ ಎಂದು ಅದು ಹೇಳುತ್ತದೆ. ಬೇಡ ಎನ್ನುವ ರಾಜ್ಯ ಬೇರೆ ರಾಜ್ಯಗಳ ಟಿಕೆಟ್ ಮಾರಾಟವನ್ನು ತನ್ನ ಗಡಿಯೊಳಗೆ ತಡೆಯಬಹುದು. ಆದರೆ ತನ್ನ ಲಾಟರಿ ನಡೆಸಿಕೊಂಡು ಬೇರೆಯವರದ್ದನ್ನು ಮಾತ್ರ ತಡೆಯುವ ಹಾಗಿಲ್ಲ ಎಂದು 1999ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಹಾಗಾಗಿ ನಿಷೇಧ ಅಂದರೆ ಪೂರ್ತಿ ನಿಷೇಧ. ತಮಿಳುನಾಡು 2003ರಲ್ಲಿ ನಿಲ್ಲಿಸಿತು. ನಮ್ಮಲ್ಲಿ ಒಂದು ಕಾಲಕ್ಕೆ ರಾಜ್ಯ ಸರ್ಕಾರದ್ದೇ ಲಾಟರಿ ಇತ್ತು. ಬಸ್ ಸ್ಟ್ಯಾಂಡ್‌ನಲ್ಲಿ ಮೈಕ್ ಹಾಕಿ ಕೂಗುತ್ತಿದ್ದುದು ಈಗಿನ ಐವತ್ತು ದಾಟಿದವರಿಗೆಲ್ಲ ನೆನಪಿರಬೇಕು. ಕೂಲಿ ದುಡ್ಡೆಲ್ಲ ಅಲ್ಲಿಗೆ ಹೋಗಿ ಎಷ್ಟೋ ಸಂಸಾರ ಹಾಳಾದವು. 2007ರ ಏಪ್ರಿಲ್ 1ರಿಂದ ಕರ್ನಾಟಕದಲ್ಲಿ ಎಲ್ಲ ಲಾಟರಿಯೂ ಬಂದ್. ನನ್ನನ್ನು ಕೇಳಿದರೆ ಅದು ಒಳ್ಳೆಯ ಕೆಲಸ.

ಕೇರಳ, ಪಶ್ಚಿಮ ಬಂಗಾಳ, ಪಂಜಾಬ್, ಮಹಾರಾಷ್ಟ್ರ, ಗೋವಾ, ಸಿಕ್ಕಿಂ, ನಾಗಾಲ್ಯಾಂಡ್, ಮಿಜೋರಾಂ ಇಂಥ ಕಡೆ ಸರ್ಕಾರಿ ಲಾಟರಿ ಇದೆ. ನಾಗಾಲ್ಯಾಂಡ್‌ನ ‘ಡಿಯರ್’ ಟಿಕೆಟ್ ಬಂಗಾಳ, ಪಂಜಾಬ್‌ನಲ್ಲೂ ಮಾರಾಟವಾಗುತ್ತದೆ, ಆ ರಾಜ್ಯಗಳು ಬಿಟ್ಟುಕೊಂಡಿರುವುದರಿಂದ. ಕರ್ನಾಟಕದಲ್ಲಿ ಇವು ಯಾವುದನ್ನೂ ಮಾರುವ ಹಾಗಿಲ್ಲ. ಅಂಗಡಿಯಲ್ಲಿ ಮಾರಿದರೂ ತಪ್ಪು, ಮೊಬೈಲ್‌ನಲ್ಲಿ ಮಾರಿದರೂ ತಪ್ಪು.

ಹಾಗಾದರೆ ಮಂಡ್ಯದವರಿಗೆ ಹೇಗೆ ಬಂತು? ಅವರು ಟಿಕೆಟ್ ಕೊಂಡಿದ್ದು ಕೇರಳದೊಳಗೆ. ಅಲ್ಲಿ ಕಾನೂನುಬದ್ಧವಾಗಿ ಕೊಂಡ ಟಿಕೆಟ್‌ಗೆ ನೀವು ಯಾವ ರಾಜ್ಯದವರಾದರೂ ಬಹುಮಾನ ಕೊಡುತ್ತಾರೆ. ಹೊರರಾಜ್ಯದವರು ಗುರುತಿನ ದಾಖಲೆಗಳನ್ನು ದೃಢೀಕರಿಸಿ ಕೊಡಬೇಕು, ಅಷ್ಟೇ. “ಎರಡೂ ಸರ್ಕಾರಕ್ಕೆ ಡೆಪಾಸಿಟ್” ಅನ್ನುವುದು ಯಾವ ಕಾನೂನಿನಲ್ಲೂ ಇಲ್ಲ. ಚಿಕ್ಕಪ್ಪನಿಗೆ ಈ ವ್ಯತ್ಯಾಸವನ್ನು ಯಾರಾದರೂ ಎರಡು ಮಾತಿನಲ್ಲಿ ಹೇಳಿದ್ದರೆ ಆ ಅರವತ್ತು ಸಾವಿರ ಉಳಿಯುತ್ತಿತ್ತು ಎಂದು ನನಗೆ ಇವತ್ತಿಗೂ ಅನಿಸುತ್ತದೆ.

ನಾಲ್ಕನೆಯದು 38,000, ರಿಸರ್ವ್ ಬ್ಯಾಂಕ್ ಹೆಸರಿನಲ್ಲಿ. ರಿಸರ್ವ್ ಬ್ಯಾಂಕ್ ಲಾಂಛನದ ಪತ್ರ, ಸಹಿ, ಸೀಲು ಎಲ್ಲ ಇತ್ತು. ರಿಸರ್ವ್ ಬ್ಯಾಂಕ್ ಸಾಮಾನ್ಯ ಜನರ ಖಾತೆ ಇಟ್ಟುಕೊಳ್ಳುವುದೇ ಇಲ್ಲ, ಲಾಟರಿ ದುಡ್ಡು ಬಿಡುಗಡೆ ಮಾಡುವುದು ಅದರ ಕೆಲಸವೂ ಅಲ್ಲ. ಇಂಥ ಪತ್ರಗಳನ್ನು ನಂಬಬೇಡಿ ಎಂದು ಅವರೇ ಎಷ್ಟೋ ವರ್ಷದಿಂದ ಹೇಳುತ್ತಲೇ ಇದ್ದಾರೆ.

ಕೊನೆಗೆ ಬಂದಿದ್ದು ಬೆದರಿಕೆ. ಚಿಕ್ಕಪ್ಪ “ಇನ್ನು ನನ್ನ ಹತ್ತಿರ ಇಲ್ಲ, ನನ್ನ ದುಡ್ಡು ವಾಪಸ್ ಕೊಡಿ” ಅಂದರು. ಅಲ್ಲಿಯವರೆಗೆ ಸಾರ್ ಅನ್ನುತ್ತಿದ್ದ ಬಾಯಿ ಬದಲಾಯಿತು. “ಕರ್ನಾಟಕದಲ್ಲಿ ಕೂತು ನಿಷೇಧಿತ ಲಾಟರಿ ಕೊಂಡಿದ್ದೀಯ. ಎರಡು ವರ್ಷ ಜೈಲು. ನಿಮ್ಮ ಠಾಣೆಗೆ ಫೈಲ್ ಕಳಿಸ್ತೀವಿ. 40,000 ಹಾಕಿದರೆ ಇಲ್ಲೇ ಮುಗಿಸ್ತೀವಿ.” ಪೊಲೀಸ್ ಡ್ರೆಸ್ ಹಾಕಿದವನೊಬ್ಬ ವಿಡಿಯೋ ಕಾಲ್‌ನಲ್ಲಿ ಬಂದ. ಮೊದಲು ‘ಕರ್ನಾಟಕದವರೂ ಆಡಬಹುದು’ ಅಂದವರೇ ಈಗ ‘ಕರ್ನಾಟಕದವರು ಆಡುವ ಹಾಗಿಲ್ಲ’ ಅಂತ ಹೆದರಿಸಿದರು. ಚಿಕ್ಕಪ್ಪ ಊಟ ಬಿಟ್ಟರು. ಚಿಕ್ಕಮ್ಮನಿಗೂ ಹೇಳಿರಲಿಲ್ಲ. ಕೊನೆಗೆ ನನಗೆ ಫೋನ್ ಮಾಡಿ, “ನಿನಗೆ ಗೊತ್ತಿರೋ ಲಾಯರ್ ಯಾರಾದರೂ ಇದ್ದಾರಾ ಮಗಳೇ?” ಅಂತ ಕೇಳಿದಾಗಲೇ ನಮಗೆಲ್ಲ ವಿಷಯ ಗೊತ್ತಾಗಿದ್ದು.

ಆ ಎರಡು ವರ್ಷದ ಮಾತು ಗಾಳಿಯಿಂದ ಬಂದಿದ್ದಲ್ಲ. ಅಕ್ರಮ ಲಾಟರಿ ನಡೆಸುವವರು, ಮಾರುವವರಿಗೆ 1998ರ ಕಾಯ್ದೆಯಲ್ಲಿ ಎರಡು ವರ್ಷದವರೆಗೆ ಕಠಿಣ ಶಿಕ್ಷೆ ಇದೆ, ಅಂಥ ಟಿಕೆಟ್ ಕೊಳ್ಳುವುದನ್ನೂ ಅದು ತಪ್ಪು ಅನ್ನುತ್ತದೆ. ಆದರೆ ಇಲ್ಲಿ ಲಾಟರಿಯೇ ಇರಲಿಲ್ಲವಲ್ಲ. ಇದ್ದಿದ್ದು ವಂಚನೆ. ನಾವು ಜಿಲ್ಲೆಯ ಸೆನ್ ಠಾಣೆಗೆ (ಸೈಬರ್ ಅಪರಾಧ ನೋಡಿಕೊಳ್ಳುವ ಪೊಲೀಸ್ ಠಾಣೆ) ಹೋದಾಗ ಅಲ್ಲಿಯವರು ದೂರನ್ನು ವಂಚನೆ ಎಂದೇ ಬರೆದುಕೊಂಡರು. ಚಿಕ್ಕಪ್ಪನನ್ನು ಕೂರಿಸಿ, ನೀರು ಕೊಟ್ಟು, ನಿಧಾನಕ್ಕೆ ಕೇಳಿದರು. ಯಾರೂ ಅವರನ್ನು ಆರೋಪಿ ಥರ ನೋಡಲಿಲ್ಲ. ಈ ಒಂದು ವಿಷಯವನ್ನು ದಯವಿಟ್ಟು ಎಲ್ಲರಿಗೂ ಹೇಳಿ. ಜೈಲಿನ ಭಯಕ್ಕೆ ಬಾಯಿ ಮುಚ್ಚಿಕೊಂಡು ಇರುವವರು ಎಷ್ಟು ಜನ ಇರಬಹುದು ಎಂದು ಯೋಚಿಸಿದರೆ ಸಂಕಟ ಆಗುತ್ತದೆ.

ದುಡ್ಡು ಹೋಗಿದ್ದು ಉತ್ತರ ಭಾರತದ ಬೇರೆ ಬೇರೆ ಊರುಗಳ ಸಾಮಾನ್ಯ ಉಳಿತಾಯ ಖಾತೆಗಳಿಗೆ. ಕೇರಳ ಸರ್ಕಾರದ ಖಾತೆ ಒಂದೂ ಇರಲಿಲ್ಲ. ಕೊನೆಯ ಕಂತಿನಲ್ಲಿ ಸ್ವಲ್ಪ ಮಾತ್ರ ಬ್ಯಾಂಕಿನವರು ತಡೆಹಿಡಿದಿದ್ದಾರೆ. ಅದನ್ನು ಬಿಡಿಸಿಕೊಳ್ಳಲು ಓಡಾಟ ನಡೆಯುತ್ತಿದೆ. ಉಳಿದದ್ದನ್ನು ನಾವು ದೂರು ಕೊಡುವ ಹೊತ್ತಿಗೆ ಎಟಿಎಂನಿಂದ ತೆಗೆದಾಗಿತ್ತು.

ಇನ್ನೆರಡು ಬಲೆಗಳಿವೆ. ಪವರ್‌ಬಾಲ್, ಯೂರೋಮಿಲಿಯನ್ಸ್ ಎಂಬ ವಿದೇಶಿ ಲಾಟರಿಗಳ ಟಿಕೆಟ್ ಇಂಡಿಯಾದಿಂದಲೇ ಕೊಳ್ಳಿ ಎನ್ನುವ ಜಾಹೀರಾತು ಈಗ ಜಾಸ್ತಿ. ಲಾಟರಿ ಟಿಕೆಟ್‌ಗಾಗಿ ದೇಶದ ಹೊರಗೆ ಹಣ ಕಳಿಸುವುದನ್ನು ವಿದೇಶಿ ವಿನಿಮಯದ 2000ದ ನಿಯಮಗಳೇ ನಿಷೇಧಿಸಿವೆ. ಹಣ ಕಟ್ಟಿ ಆಡುವ ಆನ್‌ಲೈನ್ ಆಟಗಳ ಮೇಲೆ 2025ರ ಆಗಸ್ಟ್‌ನಲ್ಲಿ ಪಾರ್ಲಿಮೆಂಟ್ ಬೇರೆ ಕಾನೂನನ್ನೇ ಮಾಡಿದೆ. ಇನ್ನೊಂದು, ಕೇರಳದ ಫಲಿತಾಂಶದ ಕೊನೆಯ ಅಂಕಿಗಳ ಮೇಲೆ ದುಡ್ಡು ಕಟ್ಟಿಸಿಕೊಳ್ಳುವವರು. ಅದು ಲಾಟರಿಯ ಹೆಸರು ಹೊತ್ತ ಮಟ್ಕಾ, ಓಸಿ, ಅಂದರೆ ಅಂಕಿಯ ಜೂಜು ಅಷ್ಟೇ.

ದುಡ್ಡು ಹೋಗಿದ್ದರೆ ತಕ್ಷಣ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಫೋನ್ ಮಾಡಿ. ಮರುದಿನ ನೋಡೋಣ ಅನ್ನಬೇಡಿ, ಹಣ ಖಾತೆಯಿಂದ ಖಾತೆಗೆ ಹಾರುವ ಮೊದಲು ತಡೆಯಲು ಸಿಗುವುದು ಬಹಳ ಕಡಿಮೆ ಸಮಯ. ಕೇಂದ್ರದ ಸೈಬರ್‌ಕ್ರೈಮ್ ಪೋರ್ಟಲ್‌ನಲ್ಲೂ ದೂರು ಹಾಕಬಹುದು. ಚಾಟ್ ಡಿಲೀಟ್ ಮಾಡಬೇಡಿ. ಚಿಕ್ಕಪ್ಪ ನಾಚಿಕೆಯಿಂದ ಅರ್ಧ ಅಳಿಸಿಬಿಟ್ಟಿದ್ದರು, ಅದರಿಂದ ನಮಗೆ ಬಹಳ ತೊಂದರೆ ಆಯಿತು. ಹಣ ಕಳಿಸಿದ ಪ್ರತಿ ಸಲದ ಯುಟಿಆರ್ ನಂಬರ್ (ಆ ವರ್ಗಾವಣೆಗೆ ಬ್ಯಾಂಕ್ ಕೊಡುವ ಗುರುತಿನ ಸಂಖ್ಯೆ), ಅವರು ಕೊಟ್ಟ ಖಾತೆ ಸಂಖ್ಯೆ, ಕಳಿಸಿದ ಟಿಕೆಟ್ ಫೋಟೋ, ನಕಲಿ ಪತ್ರಗಳು ಎಲ್ಲ ಹಾಗೇ ಇರಲಿ. ದೂರು ಕೊಟ್ಟ ಮೇಲೆ ‘ನಿಮ್ಮ ದುಡ್ಡು ವಾಪಸ್ ಕೊಡಿಸುತ್ತೇವೆ, ಸ್ವಲ್ಪ ಫೀ ಕಟ್ಟಿ’ ಎಂದು ಇನ್ನೊಂದು ನಂಬರ್‌ನಿಂದ ಕರೆ ಬರಬಹುದು. ನಮಗೂ ಬಂತು. ಅದೂ ಅದೇ ಗುಂಪಿನವರೇ ಇರಬೇಕು, ಚಿಕ್ಕಪ್ಪ ಯಾವಾಗ ಎಷ್ಟು ಕಳಿಸಿದ್ದರು ಅನ್ನುವುದೆಲ್ಲ ಅವರಿಗೆ ಬಾಯಿಪಾಠ ಇತ್ತು.