ಕೋಬಿ ಆಟ ಮೊದಲಾ, ಡಂಕನ್ ಆಟ ಮೊದಲಾ?

ಅಮೆರಿಕದ ಬಾಸ್ಕೆಟ್‌ಬಾಲ್ ಲೀಗ್ ಎನ್‌ಬಿಎಯ ಹಳೇ ಪಂದ್ಯ ನೋಡಲು ಕೂತವರಿಗೆ ಈ ಗೊಂದಲ ಸಹಜ. ಇಬ್ಬರಿಗೂ ಐದೈದು ಲೀಗ್ ಪ್ರಶಸ್ತಿ. ಇಬ್ಬರೂ ಕೊನೆವರೆಗೂ ಒಂದೇ ತಂಡಕ್ಕೆ ಆಡಿ 2016ರಲ್ಲಿ ನಿವೃತ್ತರಾದರು.

ಕೋಬಿ ಬ್ರಯಂಟ್ ಹೈಸ್ಕೂಲಿನಿಂದ ನೇರ ಬಂದವರು. ಲಾಸ್ ಏಂಜಲೀಸ್‌ನ ಲೇಕರ್ಸ್ ತಂಡಕ್ಕೆ 20 ಸೀಸನ್ ಆಡಿದರು. 2006ರಲ್ಲಿ ಟೊರಾಂಟೊ ವಿರುದ್ಧ 81 ಪಾಯಿಂಟ್, ಕೊನೆಯ ಪಂದ್ಯದಲ್ಲೂ 60! ಮೈ ಜುಮ್ಮೆನ್ನಬೇಕಾ? ಇವರನ್ನೇ ನೋಡಿ.

ಟಿಮ್ ಡಂಕನ್ ಕೆರಿಬಿಯನ್‌ನ ಸೇಂಟ್ ಕ್ರಾಯ್ ದ್ವೀಪದ ಈಜುಗಾರ ಹುಡುಗ. 1989ರ ಹ್ಯೂಗೋ ಚಂಡಮಾರುತ ಅಲ್ಲಿನ ಈಜುಕೊಳವನ್ನೇ ಹಾಳು ಮಾಡಿತು. ಆಮೇಲೆ ಬಾಸ್ಕೆಟ್‌ಬಾಲ್ ಹಿಡಿದರು. ನಾಲ್ಕು ವರ್ಷ ಕಾಲೇಜು ಮುಗಿಸಿಯೇ ಸ್ಯಾನ್ ಆಂಟೋನಿಯೊದ ಸ್ಪರ್ಸ್ ತಂಡ ಸೇರಿದರು. ಮೊದಲ ಪ್ರಶಸ್ತಿ 1999ರಲ್ಲಿ, ಕೊನೆಯದು 2014ರಲ್ಲಿ. ಸುಮ್ನೆ ಮಾತಲ್ಲ, ಅಲ್ವಾ?

ಆಟ ಕಲಿಯುವ ಮಕ್ಕಳಿಗೆ ನಾನು ಹೇಳುವುದು ಡಂಕನ್. ಚೆಂಡನ್ನು ಬೋರ್ಡಿಗೆ ತಾಗಿಸಿ ಬುಟ್ಟಿಗೆ ಹಾಕುವ ಅವರ ಹೊಡೆತವನ್ನು ನಾಳೆಯೇ ಅಭ್ಯಾಸ ಮಾಡಬಹುದು.